ಅಸಲಿಗೆ ಎಷ್ಟು ಬಿತ್ತು?

2007ರ ಜೂನ್‌ನಲ್ಲಿ ಬ್ಯಾಂಕಿನಿಂದ ಅರ್ಧ ಪುಟದ ಒಂದು ಕಾಗದ ಬಂತು. ಬಡ್ಡಿದರ ಶೇ. 11 ಆಗಿದೆ, ಇನ್ನು ಮುಂದೆ ತಿಂಗಳ ಕಂತು 8,056ರ ಬದಲು 9,500 ರೂಪಾಯಿ, ಉಳಿದಿರುವ ಕಂತುಗಳು 263 ಎಂದು ಅದರಲ್ಲಿತ್ತು. ಕಂತು ಏರಿದ್ದು ತಕ್ಷಣ ಅರ್ಥವಾಯಿತು, ಎದೆ ಝಲ್ಲೆಂದಿತು. ಆದರೆ 263 ಎಂದರೆ ಏನು ಎನ್ನುವುದು ಹೊಳೆಯುವ ಹೊತ್ತಿಗೆ ರಾತ್ರಿಯಾಗಿತ್ತು. ಪಾತ್ರೆ ತೊಳೆದು ಕವುಚಿಡುತ್ತಾ ಮನಸ್ಸಿನಲ್ಲೇ ಹನ್ನೆರಡರಿಂದ ಭಾಗಿಸಿದೆ. ಇಪ್ಪತ್ತೊಂದು ವರ್ಷ ಹನ್ನೊಂದು ತಿಂಗಳು. ನಾವು ಸಾಲ ತೆಗೆದದ್ದು ಇಪ್ಪತ್ತು ವರ್ಷಕ್ಕೆ. ಅದರಲ್ಲಿ ಮೂರು ವರ್ಷ ಒಂದು ತಿಂಗಳೂ ತಪ್ಪದೆ ಕಟ್ಟಿ ಆಗಿತ್ತು.

ಮೂರು ವರ್ಷ ನಡೆದ ಮೇಲೆ ಊರು ಹೊರಟಾಗ ಇದ್ದದ್ದಕ್ಕಿಂತ ದೂರವಾಗಿತ್ತು.

ಮೈಸೂರಿನ ಬೋಗಾದಿ ಕಡೆ ನಮ್ಮದೊಂದು ಮೂವತ್ತು–ನಲವತ್ತರ ಸೈಟಿತ್ತು. ನಾನು ಒಂದು ಅನುದಾನಿತ ಶಾಲೆಯ ಆಫೀಸಿನಲ್ಲಿ ಎರಡನೇ ದರ್ಜೆ ಗುಮಾಸ್ತೆ, ನಮ್ಮವರು ಮೇಟಗಳ್ಳಿ ಕಡೆಯ ಕಾರ್ಖಾನೆಯೊಂದರಲ್ಲಿ ಫಿಟ್ಟರ್. ನಾವು ಸಾಲ ತೆಗೆಯುವಾಗ ಗೃಹಸಾಲದ ಬಡ್ಡಿ ಶೇ. 7.5ಕ್ಕೆ ಇಳಿದಿತ್ತು. ಇನ್ನೂ ಇಳಿಯುತ್ತದೆ ಎಂದು ಎಲ್ಲರೂ ಹೇಳುತ್ತಿದ್ದರು. ಸ್ಥಿರ ಬಡ್ಡಿ ಬೇಕಾದರೆ ದರ ಜಾಸ್ತಿ, ಫ್ಲೋಟಿಂಗ್ ತಗೊಳ್ಳಿ ಮೇಡಂ ಅಂದರು ಬ್ಯಾಂಕಿನವರು. ತಗೊಂಡೆವು. ಹತ್ತು ಲಕ್ಷ. ಬ್ಯಾಂಕಿನ ಮೇಜಿನ ಮುಂದೆ ಕೂತು ನಾವಿಬ್ಬರೂ ಕೇಳಿದ್ದು ಒಂದೇ ಪ್ರಶ್ನೆ, ‘ತಿಂಗಳಿಗೆ ಎಷ್ಟು ಬೀಳುತ್ತೆ?’ 8,056 ಅಂದರು. ಇಬ್ಬರ ಸಂಬಳದಲ್ಲಿ ಅದನ್ನು ಕಳೆದು, ಉಳಿದದ್ದರಲ್ಲಿ ಅಕ್ಕಿ, ಹಾಲು, ಮಗಳ ಶಾಲೆ ನಡೆಯುತ್ತದೆಯೇ ಎಂದು ನೋಡಿದೆವು. ನಡೆಯುತ್ತಿತ್ತು. ತೋರಿಸಿದ ಕಡೆಯಲ್ಲೆಲ್ಲ ಸಹಿ ಹಾಕಿ ಬಂದೆವು.

ಪಾಯ, ಲಿಂಟಲ್, ಮೌಲ್ಡ್ ಅಂತ ಹಂತ ಹಂತವಾಗಿ ಬ್ಯಾಂಕು ದುಡ್ಡು ಬಿಡುತ್ತಿತ್ತು. ಬಿಟ್ಟಷ್ಟಕ್ಕೆ ಮನೆ ಕಟ್ಟುವ ಕಾಲದಲ್ಲೂ ಬಡ್ಡಿ. ಅದರಿಂದ ಅಸಲಿನ ಒಂದು ಪೈಸೆಯೂ ಕರಗುವುದಿಲ್ಲ. ಆ ಬಡ್ಡಿಯನ್ನು ಈ ಬರಹದ ಲೆಕ್ಕಕ್ಕೆ ಸೇರಿಸಿಲ್ಲ. ವಕೀಲರ ಅಭಿಪ್ರಾಯಕ್ಕೆ, ಮನೆಯ ಬೆಲೆ ಕಟ್ಟಿದವರಿಗೆ, ಪತ್ರ ಅಡ ಇಟ್ಟದ್ದನ್ನು ನೋಂದಾಯಿಸಿದ ಮುದ್ರಾಂಕ ಶುಲ್ಕಕ್ಕೆ, ವಿಮೆಗೆ ಹೋದದ್ದನ್ನೂ ಸೇರಿಸಿಲ್ಲ. ಆ ದಿನಗಳಲ್ಲಿ ದುಡ್ಡು ಹೋಗುವ ವೇಗಕ್ಕೆ ನಾನು ಬರೆದಿಡುವುದನ್ನೇ ಬಿಟ್ಟಿದ್ದೆ. ಗುಮಾಸ್ತರ ಮಗಳು ಬರೆದಿಡಬೇಕಿತ್ತು.

ಅಪ್ಪ ತಿಪಟೂರಿನ ಕೊಬ್ಬರಿ ಮಂಡಿಯೊಂದರಲ್ಲಿ ಮೂವತ್ತೆಂಟು ವರ್ಷ ಲೆಕ್ಕ ಬರೆದವರು. ಕಿರ್ದಿ, ಖತಾವಣಿ ಎಲ್ಲ ಅವರದೇ ಕೈ. ತೆಂಗಿನಕಾಯಿ ಅಟ್ಟದಲ್ಲಿ ಕೂತು ಉಂಡೆ ಕೊಬ್ಬರಿಯಾಗಲು ಹತ್ತಿರ ಹತ್ತಿರ ಒಂದು ವರ್ಷ ಬೇಕು. ಅಷ್ಟರಲ್ಲಿ ರೈತನಿಗೆ ಮದುವೆಯೋ ಬೋರ್‌ವೆಲ್ಲೋ ಬಂದರೆ ಮಂಡಿಯಿಂದ ಮುಂಗಡ. ಕೊಬ್ಬರಿ ಬಂದ ದಿನ ಚೀಲ ತೂಗಿ, ಮೊದಲು ಬಡ್ಡಿ ಹಿಡಿದು, ಮಿಕ್ಕಿದ್ದನ್ನು ಅಸಲಿಗೆ ಜಮೆ ಮಾಡುವುದು. ‘ಕಾಯಿ ಒಣಗುತ್ತೆ, ಬಡ್ಡಿ ಒಣಗಲ್ಲ’ ಎಂದು ಅಪ್ಪ ಊಟಕ್ಕೆ ಕೂತಾಗ ಹೇಳುತ್ತಿದ್ದರು. ನಮಗೆ ಅದು ಮಂಡಿಯ ಮಾತು, ಹಳ್ಳಿಯವರ ಕಷ್ಟದ ಮಾತು. ಬ್ಯಾಂಕಿಗೂ ಅದೇ ಲೆಕ್ಕ ಎಂದು ನನಗೆ ಹೊಳೆದಿರಲಿಲ್ಲ. ಬ್ಯಾಂಕು ಅಂದರೆ ಬೇರೆ, ಅಲ್ಲಿ ಸರ್ಕಾರದ ಮರ್ಯಾದೆ ಇರುತ್ತೆ ಅನ್ನುವ ಭಾವನೆ.

ಆ ಶನಿವಾರ ಕಾಗದವನ್ನೂ ಮೂರು ವರ್ಷದ ಸ್ಟೇಟ್‌ಮೆಂಟನ್ನೂ ಬ್ಯಾಗಿಗೆ ಹಾಕಿಕೊಂಡು ಅರಸೀಕೆರೆ ಮೇಲೆ ತಿಪಟೂರಿಗೆ ಹೋದೆ. ಅಪ್ಪ ಪಡಸಾಲೆಯಲ್ಲಿ ಕೂತು ಕಾಗದ ಓದಿದರು. ಕನ್ನಡಕ ತೆಗೆದು ಒರೆಸಿಕೊಂಡು ಇನ್ನೊಂದು ಸಲ ಓದಿದರು.

‘ಇದುವರೆಗೆ ಎಷ್ಟು ಕಟ್ಟಿದ್ದೀಯಮ್ಮ?’

‘ಮೂವತ್ತಾರು ಕಂತು ಅಪ್ಪ. ಎರಡು ಲಕ್ಷ ತೊಂಬತ್ತು ಸಾವಿರ.’

‘ಅಸಲಿಗೆ ಎಷ್ಟು ಬಿತ್ತು?’

ನನಗೆ ಗೊತ್ತಿರಲಿಲ್ಲ. ಮೂರು ವರ್ಷದಲ್ಲಿ ಒಂದು ಸಲವೂ ಆ ಕಾಲಮ್ ನೋಡಿರಲಿಲ್ಲ. ಅಪ್ಪ ಸ್ಟೇಟ್‌ಮೆಂಟಿನ ಮೇಲೆ ಬೆರಳಿಟ್ಟು ಇಳಿಯುತ್ತಾ ಹೋದರು. ಮೊದಲ ತಿಂಗಳ 8,056ರಲ್ಲಿ ಬಡ್ಡಿಗೆ 6,250, ಅಸಲಿಗೆ 1,806. ಎರಡು ವರ್ಷ ಹೀಗೇ ನಡೆದು, ಆಮೇಲೆ ಬಡ್ಡಿ ಶೇ. 9 ಆದಾಗ ಅಸಲಿಗೆ ಬೀಳುವುದು ಸಾವಿರದ ಒಳಗೆ ಇಳಿದಿತ್ತು. ಕೊನೆಯ ಸಾಲಿನಲ್ಲಿ ಬಾಕಿ 9,42,000. ನಾವು ಕಟ್ಟಿದ 2,90,000ದಲ್ಲಿ ಸಾಲ ತೀರಿದ್ದು 58,000. ಉಳಿದ 2,32,000 ಬಡ್ಡಿ.

ಅಪ್ಪ ಅಲ್ಲಿಗೆ ನಿಲ್ಲಿಸಲಿಲ್ಲ. 9,42,000ಕ್ಕೆ ಶೇ. 11ರಂತೆ ಒಂದು ತಿಂಗಳ ಬಡ್ಡಿ ಹಾಕಿದರು. 8,635. ನಮ್ಮ ಹಳೇ ಕಂತು 8,056. ಅಂದರೆ ಹಳೇ ಕಂತನ್ನೇ ಕಟ್ಟುತ್ತಾ ಹೋಗಿದ್ದರೆ ಬಡ್ಡಿಯೂ ತೀರುತ್ತಿರಲಿಲ್ಲ, ಸಾಲ ತಿಂಗಳಿಗೆ 579 ರೂಪಾಯಿಯಂತೆ ಬೆಳೆಯುತ್ತಿತ್ತು. ಹೊಸ 9,500ರಲ್ಲಿ ಅಸಲಿಗೆ ಬೀಳುವುದು 865. ಬ್ಯಾಂಕು ಕಂತು ಏರಿಸಿದ್ದು ನಮ್ಮ ಮೇಲೆ ಕೋಪದಿಂದ ಅಲ್ಲ, ಏರಿಸದೆ ಬೇರೆ ದಾರಿಯೇ ಇರಲಿಲ್ಲ. ಆದರೆ ಆ ಅರ್ಧ ಪುಟದಲ್ಲಿ ಈ ಒಂದು ಮಾತಾದರೂ ಇರಬೇಕಿತ್ತು. ‘ನಿಮ್ಮ ಕಂತು ಬಡ್ಡಿಗೇ ಸಾಲುತ್ತಿಲ್ಲ’ ಎಂದು ಬರೆದಿದ್ದರೆ ಅಷ್ಟು ಸಾಕಿತ್ತು. ಇವತ್ತಿಗೂ ನನಗೆ ಆ ಬೇಸರ ಹೋಗಿಲ್ಲ.

‘ಒಂದೂವರೆ ಸಾವಿರ ಜಾಸ್ತಿ ಕಟ್ಟೋಕೆ ಆಗುತ್ತಾ?’ ಅಂದರು ಅಪ್ಪ.

‘9,500ಕ್ಕೇ ಒದ್ದಾಡಬೇಕು ಅಪ್ಪ.’

‘ಆಯ್ತು. ನಾನು ಬರೆದು ಕೊಡ್ತೀನಿ. ನೋಡಿ ಆಮೇಲೆ ಹೇಳು.’

ಅವರ ಪೆಟ್ಟಿಗೆಯಲ್ಲಿ ಮಂಡಿಯಿಂದ ತಂದ ಉದ್ದನೆಯ ಗೆರೆ ಹಾಕಿದ ಹಾಳೆಗಳಿದ್ದವು. ಕ್ಯಾಲ್ಕುಲೇಟರ್ ಕೊಡಲು ಹೋದೆ, ಬೇಡ ಅಂದರು. ಮೂರು ದಿನ ಕೂತರು ಅಂತ ಅಮ್ಮ ಆಮೇಲೆ ಹೇಳಿದಳು. ಊಟಕ್ಕೆ ಕರೆದರೆ ‘ಈ ಸಾಲು ಮುಗೀಲಿ’ ಅನ್ನುತ್ತಿದ್ದರಂತೆ. ಮುಂದಿನ ವಾರ ಹಾಳೆಗಳು ಅಂಚೆಯಲ್ಲಿ ಬಂದವು. ಎಡಕ್ಕೆ 11,000 ಕಟ್ಟಿದರೆ, ಬಲಕ್ಕೆ 9,500 ಕಟ್ಟಿದರೆ. ತಿಂಗಳಿಗೊಂದು ಸಾಲು, ಪ್ರತಿ ಸಾಲಿನಲ್ಲೂ ಬಡ್ಡಿ, ಅಸಲು, ಬಾಕಿ. ಎಡಗಡೆ 169ನೇ ಸಾಲಿಗೆ ಬಂದಾಗ ಉಳಿದದ್ದು ಐದು ಸಾವಿರದಷ್ಟು ಮಾತ್ರ, ಅಲ್ಲಿಗೆ ಸಾಲ ಮುಗಿಯುತ್ತಿತ್ತು. ಅದೇ ಸಾಲಿನ ಬಲಗಡೆ ಇನ್ನೂ ಆರು ಲಕ್ಷದ ಹತ್ತಿರ ಬಾಕಿ. ಬಲಗಡೆಯನ್ನು ಅಪ್ಪ ಮುಂದೆ ಬರೆದಿರಲಿಲ್ಲ. ಕೆಳಗಡೆ ಹಾಳೆ ಖಾಲಿ ಬಿಟ್ಟಿದ್ದರು.

ತಿಂಗಳಿಗೆ 1,500 ರೂಪಾಯಿಗೆ 94 ತಿಂಗಳು. ಹತ್ತಿರ ಹತ್ತಿರ ಎಂಟು ವರ್ಷ. ದುಡ್ಡಿನ ಲೆಕ್ಕದಲ್ಲಿ ಆರು ಲಕ್ಷಕ್ಕೂ ಮೇಲೆ. ಇದನ್ನು ಯಾರಾದರೂ ಬಾಯಿಮಾತಿನಲ್ಲಿ ಹೇಳಿದ್ದರೆ ನಾನು ನಂಬುತ್ತಿರಲಿಲ್ಲ. ಸಾಲು ಸಾಲಾಗಿ ಅಪ್ಪನ ಕೈಬರಹದಲ್ಲಿ ಇಳಿಯುತ್ತಾ ಬಂದದ್ದನ್ನು ಕಣ್ಣಿನಿಂದ ನೋಡಿದ್ದಕ್ಕೆ ನಂಬಿದೆ. ಇದರಲ್ಲಿ ಗುಟ್ಟೇನೂ ಇಲ್ಲ. 9,500ರಲ್ಲಿ 8,635 ಬಡ್ಡಿಯ ಪಾಲು, ಅದನ್ನು ಯಾರೂ ತಪ್ಪಿಸುವಂತಿಲ್ಲ. ಆದರೆ ಆಮೇಲೆ ಸೇರಿಸುವ 1,500ರ ಮೇಲೆ ಬಡ್ಡಿಗೆ ಹಕ್ಕಿಲ್ಲ, ಅದು ಪೂರ್ತಿ ಅಸಲಿಗೆ ಬೀಳುತ್ತದೆ. 865ರ ಜಾಗದಲ್ಲಿ 2,365 ಕರಗುತ್ತದೆ. ಕಂತು ಏರಿದ್ದು ಆರರಲ್ಲಿ ಒಂದು ಪಾಲಿಗಿಂತ ಕಡಿಮೆ, ಸಾಲ ಕರಗುವ ವೇಗ ಎರಡೂವರೆ ಪಟ್ಟಿಗಿಂತ ಹೆಚ್ಚು.

ನಮ್ಮವರು ಇದನ್ನು ಒಪ್ಪಲು ಸ್ವಲ್ಪ ದಿನ ಹಿಡಿಯಿತು. ಅವರ ವಾದದಲ್ಲೂ ಹುರುಳಿತ್ತು. ಇವತ್ತಿನ ಹತ್ತು ಸಾವಿರ ಹತ್ತು ವರ್ಷದ ಮೇಲೆ ಹತ್ತು ಸಾವಿರವಾಗಿರುವುದಿಲ್ಲ, ಸಂಬಳ ಏರುತ್ತೆ, ಕಂತು ಹಗುರವಾಗುತ್ತೆ, ಈಗಲೇ ಹೊಟ್ಟೆ ಕಟ್ಟಿ ಯಾಕೆ ಕಟ್ಟಬೇಕು ಅಂದರು. ಸಾಲವಿಲ್ಲದಿದ್ದರೂ ಬಾಡಿಗೆ ಕಟ್ಟಲೇಬೇಕಿತ್ತು ಅಂದರು. ಅದೂ ನಿಜ. ಬಡ್ಡಿಗೆ ಆದಾಯ ತೆರಿಗೆಯಲ್ಲಿ ವಿನಾಯಿತಿ ಇದೆಯಲ್ಲ, ತೀರಿಸಿಬಿಟ್ಟರೆ ಅದೂ ಹೋಗುತ್ತೆ ಅಂದರು. ಈ ಕೊನೆಯ ಮಾತು ಮಾತ್ರ ನನಗೆ ಆಗಲೂ ಸರಿಕಾಣಲಿಲ್ಲ, ಈಗಲೂ ಕಾಣುವುದಿಲ್ಲ. ನಮ್ಮಂಥವರಿಗೆ ನೂರು ರೂಪಾಯಿ ಬಡ್ಡಿ ಕಟ್ಟಿದರೆ ತೆರಿಗೆಯಲ್ಲಿ ಹೆಚ್ಚೆಂದರೆ ಇಪ್ಪತ್ತು ಉಳಿಯುತ್ತಿತ್ತು. ಇಪ್ಪತ್ತಕ್ಕಾಗಿ ನೂರು ಕೊಡುವುದನ್ನು ಉಳಿತಾಯ ಎಂದು ಆಫೀಸಿನಲ್ಲಿ ಬಹಳ ಜನ ಹೇಳುತ್ತಿದ್ದರು. ಓದಿದವರೇ ಹೇಳುತ್ತಿದ್ದರು.

ಕೊನೆಗೆ ಅವರನ್ನು ಒಪ್ಪಿಸಿದ್ದು ಅಂಕಿಗಿಂತ ವಯಸ್ಸು. 263 ತಿಂಗಳು ಅಂದರೆ 2029ರ ಮೇ. ಆ ಹೊತ್ತಿಗೆ ಅವರಿಗೆ ಅರವತ್ತೆರಡು. ಕಾರ್ಖಾನೆಯಲ್ಲಿ ಅಷ್ಟು ವರ್ಷ ಕೆಲಸ ಇರುತ್ತದೆ ಎನ್ನುವ ನಂಬಿಕೆ ಅವರಿಗೇ ಇರಲಿಲ್ಲ.

ಆ 1,500 ಎಲ್ಲಿಂದ ಬಂತು? ಸ್ಕೂಟರ್ ಬಿಟ್ಟು ಬಸ್ ಪಾಸಿಗೆ ಬಂದರು ಅವರು. ಕೇಬಲ್ ತೆಗೆಸಿದೆವು. ನಾನು ಬೆಳಿಗ್ಗೆ ಶಾಲೆಗೆ ಹೋಗುವ ಮೊದಲು ಪಕ್ಕದ ಬೀದಿಯ ಇಬ್ಬರು ಮಕ್ಕಳಿಗೆ ಪಾಠ ಹೇಳಿಕೊಟ್ಟೆ. ಇನ್ನೂ 400 ಕಡಿಮೆ ಬಿತ್ತು. ಹನ್ನೊಂದು ವರ್ಷದ ಮಗಳು ವಾರಕ್ಕೆ ಎರಡು ದಿನ ವೀಣೆ ಪಾಠಕ್ಕೆ ಹೋಗುತ್ತಿದ್ದಳು. ಮೈಸೂರಿನಲ್ಲಿ ವೀಣೆ ಕಲಿಯುವುದೆಂದರೆ ವೈಣಿಕ ಶೇಷಣ್ಣನವರ ಊರಿನಲ್ಲಿ ಕಲಿಯುವುದು, ನನಗೆ ಅದರ ಹೆಮ್ಮೆ ಬಹಳ ಇತ್ತು. ಅವಳಿಗೆ ಬೆರಳು ಚೆನ್ನಾಗಿದೆ ಎಂದು ವೀಣೆ ಮೇಡಂ ಹೇಳಿದ್ದರು. ಫೀಸು ತಿಂಗಳಿಗೆ 400. ‘ಮೇಡಮ್‌ಗೆ ಈಗ ಸಮಯ ಇಲ್ವಂತೆ, ಸ್ವಲ್ಪ ದಿನ ಬಿಟ್ಟು ಹೋಗೋಣ’ ಎಂದೆ ಮಗಳಿಗೆ. ವೀಣೆಯ ತಂತಿ ಸಡಿಲ ಮಾಡಿ, ಹಳೇ ಸೀರೆ ಸುತ್ತಿ, ಕೋಣೆಯ ಮೂಲೆಯಲ್ಲಿ ಮಲಗಿಸಿದೆ.

ಬ್ಯಾಂಕಿಗೆ ಹೋಗಿ ಕಂತನ್ನು 11,000 ಮಾಡಿಸಿದೆವು. ಅಂದಿನಿಂದ ಊರಿಗೆ ಹೋದಾಗಲೆಲ್ಲ ಸ್ಟೇಟ್‌ಮೆಂಟ್ ಒಯ್ಯುತ್ತಿದ್ದೆ. ಅಪ್ಪ ಆ ಹಾಳೆಯನ್ನೇ ನನ್ನ ಕೈಯಿಂದ ತರಿಸಿಕೊಂಡು, ಮುಗಿದ ಸಾಲುಗಳ ಪಕ್ಕದಲ್ಲಿ ಕೆಂಪು ಪೆನ್ಸಿಲ್ಲಿನಿಂದ ಗುರುತು ಹಾಕುತ್ತಿದ್ದರು. ಒಂದು ತುದಿ ಕೆಂಪು, ಒಂದು ತುದಿ ನೀಲಿ ಇರುವ ಮಂಡಿಯ ಪೆನ್ಸಿಲ್ಲು. ಬಡ್ಡಿ ಏರಿದಾಗ, ಇಳಿದಾಗ ಬ್ಯಾಂಕಿನ ಅಂಕಿಯೂ ಹಾಳೆಯ ಅಂಕಿಯೂ ಹೊಂದುತ್ತಿರಲಿಲ್ಲ. ಆಗ ಬಾಕಿ ಯಾವ ಸಾಲಿಗೆ ಹತ್ತಿರವಿದೆಯೋ ಅಲ್ಲಿಗೆ ಗುರುತು. 2009ರಲ್ಲಿ ತುಟ್ಟಿಭತ್ಯೆಯ ಬಾಕಿ, ಒಂದು ಚೀಟಿಯ ದುಡ್ಡು ಸೇರಿ ಕೈಗೆ ಇಪ್ಪತ್ತು ಸಾವಿರ ಬಂತು. ಅದನ್ನು ಹಾಗೇ ಅಸಲಿಗೆ ಕಟ್ಟಿ, ರಸೀತಿ ಹಿಡಿದು ತಿಪಟೂರಿಗೆ ಹೋದೆ. ಅಪ್ಪ ಪೆನ್ಸಿಲ್ಲು ತಿರುಗಿಸಿ ನೀಲಿ ತುದಿಯಿಂದ ಒಂದು, ಎರಡು, ಮೂರು ಎಂದು ಎಣಿಸುತ್ತಾ ಆರು ಸಾಲುಗಳನ್ನು ಒಟ್ಟಿಗೆ ಹೊಡೆದು ಹಾಕಿದರು. ಆರು ತಿಂಗಳು. ಆ ಆರು ಸಾಲಿನಲ್ಲಿ ಬಡ್ಡಿಯೇ ನಲವತ್ತೆಂಟು ಸಾವಿರದಷ್ಟಿತ್ತು. ‘ಇಪ್ಪತ್ತು ಕೊಟ್ಟು ಅರವತ್ತಾರು ತೀರಿಸಿದೆ ಕಣಮ್ಮ’ ಅಂದರು. ಮಂಡಿಯಲ್ಲಿ ಲೆಕ್ಕ ತಾಳೆಯಾದ ದಿನ ಅವರ ಮುಖ ಹೇಗಿರುತ್ತಿತ್ತೋ ಹಾಗಿತ್ತು.

ಆ ನೀಲಿ ಗೆರೆಗಾಗಿ ನಾನು ಎಷ್ಟೋ ಹಬ್ಬಕ್ಕೆ ಸೀರೆ ತೆಗೆಯಲಿಲ್ಲ. ಅದರಲ್ಲಿ ಬೇಸರವಿರಲಿಲ್ಲ. ಮೊದಲ ವರ್ಷಗಳ ದುಡ್ಡಿಗೆ ಬೆಲೆ ಹೆಚ್ಚು. ಅದೇ ಇಪ್ಪತ್ತು ಸಾವಿರವನ್ನು ಹಾಳೆಯ ಕೊನೆಯ ಭಾಗದಲ್ಲಿ ಕಟ್ಟಿದರೆ ಎರಡು ಸಾಲೂ ಅಳಿಯುವುದಿಲ್ಲ, ಅಲ್ಲಿ ಒಂದೊಂದು ಕಂತಿನಲ್ಲೂ ಅಸಲೇ ಹತ್ತು ಸಾವಿರಕ್ಕೂ ಮೇಲಿರುತ್ತದೆ. ಕೈಯಲ್ಲಿ ದುಡ್ಡು ಓಡಾಡುವ ವಯಸ್ಸಿಗೆ ಸಾಲ ತೀರಿಸೋಣ ಎನ್ನುವವರಿಗೆ ನಾನು ಈ ಹಾಳೆಯ ತಲೆಯನ್ನೂ ಬಾಲವನ್ನೂ ತೋರಿಸುತ್ತೇನೆ.

ಬ್ಯಾಂಕಿನ ಇನ್ನೊಂದು ರೀತಿಯೂ ಆ ವರ್ಷಗಳಲ್ಲೇ ತಿಳಿಯಿತು. ನಮ್ಮ ಎದುರು ಮನೆಯವರು 2010ರಲ್ಲಿ ಅದೇ ಶಾಖೆಯಲ್ಲಿ ಸಾಲ ತೆಗೆದರು. ಅವರ ದರ ನಮ್ಮದಕ್ಕಿಂತ ಎರಡು ಅಂಶ ಕಡಿಮೆ. ಹಳಬರ ದರ ಹಳೇ ಪದ್ಧತಿಗೆ ಕಟ್ಟಿಕೊಂಡಿರುತ್ತದೆ. ರಿಸರ್ವ್ ಬ್ಯಾಂಕು 2010ರ ಜುಲೈಯಲ್ಲಿ ಬಡ್ಡಿದರ ನಿಗದಿಗೆ ಬೇಸ್ ರೇಟ್ ಎಂಬ ಪದ್ಧತಿ ತಂದಿತು, 2016ರ ಏಪ್ರಿಲ್‌ನಲ್ಲಿ ಎಂಸಿಎಲ್‌ಆರ್ ಎಂಬ ಪದ್ಧತಿ, 2019ರ ಅಕ್ಟೋಬರ್‌ನಿಂದ ಹೊಸ ಗೃಹಸಾಲಗಳ ದರವನ್ನು ರೆಪೊ ದರದಂಥ ಹೊರಗಿನ ಅಳತೆಗೆ ಕಟ್ಟಿಸಿತು. ಪ್ರತಿ ಸಲವೂ ಹೊಸ ಪದ್ಧತಿ ಹೊಸಬರಿಗೆ ತಾನಾಗಿ ಸಿಗುತ್ತಿತ್ತು, ಹಳಬರು ಹೋಗಿ ಕೇಳಬೇಕಿತ್ತು. ನಾವು ಕೇಳಿದಾಗ ಅರ್ಜಿ ಕೊಡಿ, ಶುಲ್ಕ ಕಟ್ಟಿ ಅಂದರು. ಕಟ್ಟಿ ಬದಲಾಯಿಸಿಕೊಂಡೆವು. ಮೂರು ವರ್ಷ ಮೊದಲೇ ಕೇಳಬಹುದಿತ್ತು, ಕೇಳಬೇಕೆಂದೇ ಗೊತ್ತಿರಲಿಲ್ಲ. ಫ್ಲೋಟಿಂಗ್ ದರದ ಗೃಹಸಾಲವನ್ನು ಅವಧಿಗೆ ಮೊದಲೇ ತೀರಿಸುವವರಿಂದ ಬ್ಯಾಂಕುಗಳು ದಂಡ ವಸೂಲು ಮಾಡಬಾರದು ಎಂಬ ಆದೇಶ 2012ರ ಜೂನ್‌ನಲ್ಲಿ ಬಂತು. ಆ ಸುದ್ದಿಯನ್ನು ಪತ್ರಿಕೆಯಲ್ಲಿ ಓದಿ ಅಪ್ಪನೇ ಫೋನ್ ಮಾಡಿ ಹೇಳಿದ್ದರು.

ಮಾರನೆಯ ವರ್ಷ ಅಪ್ಪ ಹೋದರು. ಕೆಂಪು ಗುರುತುಗಳು ಹಾಳೆಯ ಅರ್ಧ ದಾಟಿ ನಿಂತಿದ್ದವು. ಅಲ್ಲಿಂದ ಮುಂದಿನ ಗುರುತುಗಳು ನನ್ನವು. ನನ್ನ ಗೆರೆ ಅವರದರಷ್ಟು ನೇರವಾಗಿಲ್ಲ.

2017ರ ಡಿಸೆಂಬರ್‌ನಲ್ಲಿ ಸಾಲ ತೀರಿತು. ಹತ್ತು ಲಕ್ಷಕ್ಕೆ ನಾವು ಕಟ್ಟಿದ್ದು ಎಲ್ಲ ಸೇರಿ ಹತ್ತೊಂಬತ್ತು ಲಕ್ಷದ ಹತ್ತಿರ. ಬ್ಯಾಂಕಿನ ಕಾಗದದ ದಾರಿಯಲ್ಲೇ ಹೋಗಿದ್ದರೆ ಇಪ್ಪತ್ತೆಂಟು ಲಕ್ಷದ ಹತ್ತಿರವಾಗುತ್ತಿತ್ತು. ಆದರೆ ಕೊನೆಯ ಕಂತು ಕಟ್ಟಿದ ದಿನ ಮನೆ ನಮ್ಮದಾಗುವುದಿಲ್ಲ. ಮೂಲಪತ್ರಗಳು ಬೇರೆ ಊರಿನ ದಾಸ್ತಾನಿನಲ್ಲಿವೆ ಅಂದರು. ಬರಲು ನಾಲ್ಕು ತಿಂಗಳಾಯಿತು. ಉಪನೋಂದಣಾಧಿಕಾರಿ ಕಚೇರಿಯಲ್ಲಿ ಅಡಮಾನ ಬಿಡುಗಡೆ ನೋಂದಾಯಿಸುವವರೆಗೆ ಋಣಭಾರ ಪತ್ರದಲ್ಲಿ ನಮ್ಮ ಮನೆಯ ಮೇಲೆ ಸಾಲ ಇದೆ ಎಂದೇ ಬರುತ್ತಿತ್ತು. ಈಗ ಕಾಲ ಸ್ವಲ್ಪ ಬದಲಾಗಿದೆ. ಸಾಲ ತೀರಿದ 30 ದಿನದೊಳಗೆ ಪತ್ರ ಕೊಡದೆ ತಾನೇ ತಡ ಮಾಡಿದರೆ ಬ್ಯಾಂಕು ದಿನಕ್ಕೆ 5,000 ರೂಪಾಯಿ ಕೊಡಬೇಕು ಎಂದು ರಿಸರ್ವ್ ಬ್ಯಾಂಕು 2023ರಲ್ಲಿ ಹೇಳಿತು. ಅದೇ ವರ್ಷದ ಆಗಸ್ಟ್‌ನಲ್ಲಿ ಇನ್ನೊಂದು ಸುತ್ತೋಲೆ ಬಂತು. ಬಡ್ಡಿ ಏರಿದಾಗ ಕಂತು ಏರಿಸಬೇಕೋ ಅವಧಿ ಹಿಗ್ಗಿಸಬೇಕೋ ಎಂಬ ಆಯ್ಕೆಯನ್ನು ಸಾಲಗಾರರಿಗೆ ಕೊಡಬೇಕು, ಅವಧಿ ಹಿಗ್ಗಿಸಿ ಕಂತು ಬಡ್ಡಿಗೂ ಸಾಕಾಗದ ಸ್ಥಿತಿ ತರಬಾರದು ಎಂದು ಅದರಲ್ಲಿದೆ. ಅದನ್ನು ಓದುವಾಗ ನನ್ನ ಕಣ್ಣ ಮುಂದೆ 8,635 ಮತ್ತು 8,056 ಬಂದು ನಿಂತವು.

ಮುಂದೆ ಮಗಳೂ ಅಳಿಯನೂ ಬೆಂಗಳೂರಿನಲ್ಲಿ ಫ್ಲ್ಯಾಟ್ ನೋಡತೊಡಗಿದರು. 2024ರ ದಸರೆಗೆ ಬಂದಾಗ ಸಾಲದ ಕಾಗದ ತಂದಿದ್ದಳು. ಅರವತ್ತು ಲಕ್ಷ, ಶೇ. 8.5. ಇಪ್ಪತ್ತೈದು ವರ್ಷಕ್ಕೆ ತಗೊಂಡರೆ ಕಂತು 48,314, ಮೂವತ್ತಕ್ಕೆ ತಗೊಂಡರೆ 46,135. ‘ಎರಡು ಸಾವಿರ ಉಳಿಯುತ್ತಲ್ವಾ ಅಮ್ಮ, ಮೂವತ್ತೇ ಇರಲಿ’ ಅಂದಳು. ನಾನು ಅಡುಗೆಮನೆಯಿಂದ ಕೈ ಒರೆಸಿಕೊಂಡು ಬಂದು ಅವಳ ಪಕ್ಕ ಕೂತೆ. ಮೊದಲ ತಿಂಗಳ ಬಡ್ಡಿ 42,500 ಎಂದು ಅವಳ ಕೈಯಲ್ಲೇ ಬರೆಸಿದೆ. ಎರಡರಲ್ಲೂ ಬಡ್ಡಿ ಅಷ್ಟೇ. ಮಿಕ್ಕಿದ್ದು ಒಂದು ಕಡೆ 5,814, ಇನ್ನೊಂದು ಕಡೆ 3,635. ಆಮೇಲೆ 48,314ನ್ನು 300ರಿಂದ, 46,135ನ್ನು 360ರಿಂದ ಗುಣಿಸು ಅಂದೆ. ಮೊಬೈಲಿನಲ್ಲಿ ಗುಣಿಸಿದಳು. ವ್ಯತ್ಯಾಸ ಇಪ್ಪತ್ತೊಂದು ಲಕ್ಷ. ಇನ್ನೊಂದು ಸಲ ಗುಣಿಸಿದಳು.

ಬೀರುವಿನಿಂದ ಅಪ್ಪನ ಹಾಳೆ ತೆಗೆದು ಕೊಟ್ಟೆ. ಮಡಿಕೆಯಲ್ಲಿ ಹರಿದಿದ್ದ ಕಡೆ ಗಮ್ ಟೇಪು ಹಚ್ಚಿದ್ದೇನೆ. ತಾತನ ಅಂಕಿಗಳ ಮೇಲೆ ಬೆರಳಾಡಿಸುತ್ತಾ ಕೂತಿದ್ದಳು. ಕೆಂಪು ಗುರುತು, ನೀಲಿ ಗೆರೆ, ನನ್ನ ಸೊಟ್ಟ ಗುರುತು.

‘ಈ ಸಾವಿರದೈನೂರು ಆಗ ಎಲ್ಲಿಂದ ತಂದಿರಿ?’ ಅಂದಳು.

ಬಸ್ ಪಾಸು, ಕೇಬಲ್ಲು, ಪಾಠ ಹೇಳಿದ್ದು ಎಲ್ಲ ಹೇಳಿದೆ. ಆಮೇಲೆ ವೀಣೆ ಮೇಡಮ್‌ಗೆ ಸಮಯವಿಲ್ಲ ಅಂದದ್ದು ಸುಳ್ಳು ಎಂದೂ ಹೇಳಿದೆ. ಹದಿನೇಳು ವರ್ಷ ಹೇಳಿರಲಿಲ್ಲ.

‘ಗೊತ್ತಿತ್ತು ಅಮ್ಮ’ ಅಂದಳು. ‘ಮೇಡಂ ದಾರಿಯಲ್ಲಿ ಸಿಕ್ಕಾಗ ಯಾಕೆ ಬರ್ತಿಲ್ಲ ಅಂತ ಕೇಳಿದ್ರು.’

ನನಗೆ ಮಾತು ಹೊರಡಲಿಲ್ಲ. ಅವಳು ಪೆನ್ಸಿಲ್ಲು ಕೇಳಿದಳು. ಅಪ್ಪನ ಪೆನ್ಸಿಲ್ಲು ಹಾಳೆಯ ಜೊತೆಯಲ್ಲೇ ಇತ್ತು, ಗೇಣಿನ ಕಾಲುಭಾಗ ಉಳಿದಿತ್ತು. ಹಾಳೆಯ ಬಲಗಡೆ, ತಾತ ಬರೆಯದೆ ಖಾಲಿ ಬಿಟ್ಟಿದ್ದ ಜಾಗದಲ್ಲಿ, ‘ವೀಣೆ ಪಾಠ, ತಿಂಗಳಿಗೆ 400’ ಎಂದು ಬರೆದಳು. ಬರೆದು, ಹಾಳೆಯನ್ನು ಹಳೇ ಮಡಿಕೆಯಲ್ಲೇ ಮಡಿಸಿ ನನ್ನ ಕೈಗೆ ಕೊಟ್ಟಳು.